ಘಾಟಿಯ ಮೇಲೊಬ್ಬರು, ಕೆಳಗೊಬ್ಬರು: ಮಳೆಗಾಲದ ಪ್ರಯಾಣದಲ್ಲಿ ವೈರ್‌ಲೆಸ್

ಮಲೆನಾಡಿನ ಮನೆಯೊಳಗೆ ಕುಳಿತವರು ಮಳೆಯ ಬಿರುಸು ತಿಳಿಯಲು ಬಾಗಿಲು ತೆರೆಯಬೇಕಿಲ್ಲ. ಟಿ.ವಿ.ಯ ಚಿತ್ರ ಚೌಕಚೌಕವಾಗಿ ಒಡೆದು ನಿಂತುಬಿಟ್ಟರೆ ಅಂಗಳದಲ್ಲಿ ಹೊಯ್ಯುತ್ತಿದೆ ಎಂದೇ ಲೆಕ್ಕ. ಮಾಡಿನ ಮೇಲಿನ ತಟ್ಟೆಗೆ ಉಪಗ್ರಹದಿಂದ ಬರುವ ಅಲೆಯ ಆವರ್ತನ ಸುಮಾರು 12 ಗಿಗಾಹರ್ಟ್ಸ್, ಅಲೆಯ ಉದ್ದ ಬರೀ ಎರಡೂವರೆ ಸೆಂಟಿಮೀಟರ್. ಅಷ್ಟು ಗಿಡ್ಡ ಅಲೆಯನ್ನು ದಪ್ಪ ಮಳೆಹನಿಗಳು ಹೀರಿ, ಚೆದುರಿಸಿ ಮುಗಿಸಿಬಿಡುತ್ತವೆ. ವರ್ಷವರ್ಷ ಆಷಾಢದಲ್ಲಿ ಧಾರಾವಾಹಿ ತಪ್ಪಿಸಿಕೊಂಡ ನಮ್ಮವರು, ಮಳೆ ಬಂದರೆ ಗಾಳಿಯಲ್ಲಿ ಬರುವ ಯಾವ ಸಿಗ್ನಲ್ಲೂ ಉಳಿಯುವುದಿಲ್ಲ ಎಂದು ತೀರ್ಮಾನಿಸಿಬಿಟ್ಟಿದ್ದಾರೆ. ಮೊಬೈಲ್ ಸತ್ತಾಗಲೂ ಬೈಗುಳ ಮಳೆಗೇ.

ಮೊಬೈಲ್ ಸಾಯುವ ಕಾರಣ ಬೇರೆ. ಗಾಳಿಗೆ ಮರ ಮುರಿದು ವಿದ್ಯುತ್ ತಂತಿಯ ಮೇಲೆ ಬೀಳುತ್ತದೆ. ಟವರಿನ ಬ್ಯಾಟರಿ ಕೆಲವು ಗಂಟೆ ಎಳೆಯುತ್ತದೆ. ಜನರೇಟರಿಗೆ ಡೀಸೆಲ್ ತರಬೇಕಾದ ಜೀಪು ಬಿದ್ದ ಮರದ ಆಚೆ ನಿಂತಿರುತ್ತದೆ. ಕೆಲವೊಮ್ಮೆ ಅದೇ ಮರ ಫೈಬರ್ ತಂತಿಯನ್ನೂ ಎಳೆದುಕೊಂಡು ಬಿದ್ದಿರುತ್ತದೆ. ಆಗ ಟವರ್ ಜೀವಂತವಾಗಿದ್ದರೂ ಅದಕ್ಕೆ ಹೊರಲೋಕದ ನಂಟಿಲ್ಲ, ಫೋನಿನಲ್ಲಿ ಕಡ್ಡಿಗಳೆಲ್ಲ ಕಾಣುತ್ತವೆ, ಕರೆ ಹೋಗುವುದಿಲ್ಲ. ಪಕ್ಕದ ಓಣಿಯವನೊಂದಿಗೆ ಮಾತಾಡಲೂ ಮೊಬೈಲಿಗೆ ನಡುವೆ ಹತ್ತಾರು ಕೊಂಡಿಗಳು ಬೇಕು. ವೈರ್‌ಲೆಸ್ಸಿಗೆ, ಅಂದರೆ ವಾಕಿಟಾಕಿಯಂಥದಕ್ಕೆ, ಬೇಕಾದದ್ದು ಎರಡು ಸೆಟ್ಟು, ಎರಡು ಬ್ಯಾಟರಿ, ನಡುವೆ ಬಯಲು. ಮಲೆನಾಡಿನಲ್ಲಿ ಕಷ್ಟವಿರುವುದು ಈ ಮೂರನೆಯದಕ್ಕೆ.

ಹವ್ಯಾಸಿ ರೇಡಿಯೋದವರು, ಅಂದರೆ ಹ್ಯಾಮ್‌ಗಳು, ಕೈಸೆಟ್ಟಿನಲ್ಲಿ ಹೆಚ್ಚಾಗಿ ಬಳಸುವುದು 144ರಿಂದ 146 ಮೆಗಾಹರ್ಟ್ಸ್ ನಡುವಿನ ವಿ.ಎಚ್.ಎಫ್. ಪಟ್ಟಿಯನ್ನು. ಆ ಅಲೆ ಎರಡು ಮೀಟರ್ ಉದ್ದ. ಅದರ ಮುಂದೆ ಮಳೆಹನಿ ಲೆಕ್ಕಕ್ಕೇ ಇಲ್ಲ. ಆಗುಂಬೆಯಲ್ಲಿ ಆಕಾಶವೇ ಹರಿದು ಬಿದ್ದರೂ ಆ ಅಲೆ ಬೇಸಿಗೆಯಲ್ಲಿ ಹೋದಷ್ಟೇ ದೂರ ಮಳೆಯಲ್ಲೂ ಹೋಗುತ್ತದೆ. ಅದನ್ನು ತಡೆಯುವುದು ಗುಡ್ಡ. ಆಮೇಲೆ, ನೀರು ತೊಟ್ಟಿಕ್ಕುವ ಎಲೆ. ದಟ್ಟ ಕಾಡಿನಲ್ಲಿ ಪ್ರತಿಯೊಂದು ಒದ್ದೆ ಎಲೆಯೂ ಅಲೆಯ ಒಂದು ಚೂರನ್ನು ಕದಿಯುತ್ತದೆ. ಅಲೆ ಗಿಡ್ಡವಾದಷ್ಟೂ ಕಳವು ಜಾಸ್ತಿ. ಆದ್ದರಿಂದ ಎರಡೂ ಪಟ್ಟಿಗಳಿರುವ ಸೆಟ್ಟಿನಲ್ಲಿ, 435 ಮೆಗಾಹರ್ಟ್ಸ್ ಸುತ್ತಲಿನ ಯು.ಎಚ್.ಎಫ್.ಗಿಂತ ವಿ.ಎಚ್.ಎಫ್. ನಮ್ಮ ಕಾಡಿಗೆ ಒಗ್ಗುತ್ತದೆ.

ಗುಡ್ಡದ ಲೆಕ್ಕ ಇನ್ನೂ ಸರಳ. ನಿಂತ ಜಾಗ ಸುತ್ತಲಿನ ನೆಲಕ್ಕಿಂತ ಎಷ್ಟು ಮೀಟರ್ ಎತ್ತರದಲ್ಲಿದೆಯೋ ಅದರ ವರ್ಗಮೂಲವನ್ನು ನಾಲ್ಕು ಚಿಲ್ಲರೆಯಿಂದ, ಸರಿಯಾಗಿ ಹೇಳುವುದಾದರೆ 4.12ರಿಂದ, ಗುಣಿಸಿದರೆ ಅಲೆಯ ದಿಗಂತ ಕಿಲೋಮೀಟರಿನಲ್ಲಿ ಸಿಗುತ್ತದೆ. ಬಯಲಲ್ಲಿ ನಿಂತು ತಲೆಯ ಮೇಲಕ್ಕೆ ಸೆಟ್ ಹಿಡಿದರೆ ಆರು ಕಿಲೋಮೀಟರಿಗೂ ಸ್ವಲ್ಪ ಕಡಿಮೆ. 1343 ಮೀಟರ್ ಎತ್ತರದ ಕೊಡಚಾದ್ರಿಯ ತುದಿಯಿಂದ ಕಡಲಿನ ಕಡೆಗೆ ಅದೇ ಸೆಟ್ಟಿಗೆ 150 ಕಿಲೋಮೀಟರಿನ ದಿಗಂತ. ಐದು ವಾಟ್‌ನ ಸೆಟ್ಟನ್ನು ಹತ್ತು ವಾಟ್‌ನದಕ್ಕೆ ಬದಲಿಸುವುದಕ್ಕಿಂತ ಹತ್ತು ಹೆಜ್ಜೆ ಏರುವುದು ಲಾಭ ಎಂದು ಹಳೆಯ ಹ್ಯಾಮ್‌ಗಳು ಹೊಸಬರಿಗೆ ಹೇಳುವುದು ಈ ಲೆಕ್ಕದಿಂದಲೇ.

ಆಗುಂಬೆ ಘಾಟಿಯಲ್ಲಿ 14 ಕಡಿದಾದ ತಿರುವುಗಳಿವೆ. ಸೆಟ್ ಹಿಡಿದು ಇಳಿದವರಿಗೆ ಇದು ಗೊತ್ತು: ಗುಡ್ಡದ ಮಡಿಲಿಗೆ ಹೊಕ್ಕ ಒಳತಿರುವಿನಲ್ಲಿ ಬರೀ ಸುಯ್ ಸದ್ದು, ಕಣಿವೆ ತೆರೆದುಕೊಳ್ಳುವ ಹೊರತಿರುವಿಗೆ ಬಂದೊಡನೆ ಕರಾವಳಿಯ ದನಿ. ಸಿಗ್ನಲ್ ಸಿಗಲಿಲ್ಲವೆಂದು ನಿಂತಲ್ಲೇ ಗುಂಡಿ ಒತ್ತುತ್ತ ಬ್ಯಾಟರಿ ಸುಡುವ ಬದಲು ಮುಂದಿನ ಹೊರತಿರುವಿಗೆ ಹೋಗಿ ಕರೆಯಬೇಕು. ಹಾಗೆ ನಿಲ್ಲುವಾಗ ಒಂದು ಕಣ್ಣು ಧರೆಯ, ಅಂದರೆ ರಸ್ತೆಬದಿಯ ಕಡಿದಾದ ಮಣ್ಣಿನ ಗೋಡೆಯ, ಮೇಲಿರಲಿ. ಮಣ್ಣು ಬೆರೆತ ನೀರು ಹೊಸದಾಗಿ ಎಲ್ಲಿಂದಲೋ ಜಿನುಗುತ್ತಿದ್ದರೆ, ಮರ ರಸ್ತೆಯ ಕಡೆಗೆ ವಾಲಿದ್ದರೆ, ಅಲ್ಲಿ ಸಿಗ್ನಲ್ ಎಷ್ಟೇ ಚೆನ್ನಾಗಿದ್ದರೂ ನಿಲ್ಲುವ ಜಾಗವಲ್ಲ.

ಇನ್ನು ಹವಾಮಾನ. ಆನ್‌ಲೈನಿನಲ್ಲಿ ಕೊಂಡ ಕೆಲವು ಸೆಟ್ಟುಗಳಲ್ಲಿ ಮೋಡದ ಚಿತ್ರವಿರುವ ಗುಂಡಿಯೊಂದಿರುತ್ತದೆ. ಅದನ್ನು ಒತ್ತಿದರೆ ಹವಾಮಾನ ವರದಿ ಬರುತ್ತದೆಂದು ನಂಬಿ ತೀರ್ಥಹಳ್ಳಿಯ ಬಸ್ ನಿಲ್ದಾಣದಲ್ಲಿ ಕಿವಿಗಿಟ್ಟುಕೊಂಡವರನ್ನು ನಾನು ನೋಡಿದ್ದೇನೆ. ಆ ಗುಂಡಿ ಅಮೆರಿಕದ್ದು. ಅಲ್ಲಿನ ಸರ್ಕಾರಿ ಹವಾಮಾನ ಸೇವೆ 162.400ರಿಂದ 162.550 ಮೆಗಾಹರ್ಟ್ಸ್‌ವರೆಗಿನ ಏಳು ಚಾನೆಲ್‌ಗಳಲ್ಲಿ ಹಗಲೂ ರಾತ್ರಿ ವರದಿ ಓದುತ್ತಿರುತ್ತದೆ. ನಮ್ಮಲ್ಲಿ ಅಂಥ ಸೇವೆಯಿಲ್ಲ. ತೀರ್ಥಹಳ್ಳಿಯಲ್ಲಿ ಆ ಗುಂಡಿಗೆ ಸಿಗುವುದು ಗಾಳಿಯ ಸದ್ದು ಮಾತ್ರ.

ನಮ್ಮಲ್ಲಿರುವ ವ್ಯವಸ್ಥೆ ಬೇರೆ ಬಗೆಯದು. ಭಾರತೀಯ ಹವಾಮಾನ ಇಲಾಖೆ ಜಿಲ್ಲೆವಾರು ಬಣ್ಣ ಕೊಡುತ್ತದೆ: ಹಸಿರು, ಹಳದಿ, ಕಿತ್ತಳೆ, ಕೆಂಪು. ಅದರ ಭಾಷೆಯಲ್ಲಿ 24 ಗಂಟೆಗಳಲ್ಲಿ 64.5 ಮಿಲಿಮೀಟರ್ ದಾಟಿದರೆ 'ಭಾರಿ', 115.6 ಮುಟ್ಟಿದರೆ 'ಅತಿ ಭಾರಿ', 204.5 ಮುಟ್ಟಿದರೆ 'ಅತ್ಯಂತ ಭಾರಿ'. ದಿನದ ಲೆಕ್ಕ ಬೆಳಗ್ಗೆ 8.30ಕ್ಕೆ ಮುಗಿದು ಹೊಸದು ಶುರುವಾಗುತ್ತದೆ. ರಾಜ್ಯದಲ್ಲಿ, 1988ರಲ್ಲಿ ಬರ ನಿಗಾ ಘಟಕವಾಗಿ ಹುಟ್ಟಿ ಈಗ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರವಾಗಿರುವ ಸಂಸ್ಥೆ ಗ್ರಾಮ ಪಂಚಾಯಿತಿ ಮಟ್ಟದಲ್ಲಿ ಸ್ವಯಂಚಾಲಿತ ಮಳೆಮಾಪಕಗಳನ್ನಿಟ್ಟು 15 ನಿಮಿಷಕ್ಕೊಮ್ಮೆ ಅಂಕಿ ಪಡೆಯುತ್ತದೆ. ಈ ಮಾಹಿತಿಯೆಲ್ಲ ನಮಗೆ ತಲುಪುವುದು ಮೊಬೈಲಿನ ಮೂಲಕ, ಆಕಾಶವಾಣಿಯ ಮೂಲಕ. ಘಾಟಿಯಲ್ಲಿ ಮೊಬೈಲ್ ಕೈಕೊಟ್ಟರೆ ಉಳಿಯುವುದು ಆಕಾಶವಾಣಿ. ಹೀಗಾಗಿ ವೈರ್‌ಲೆಸ್ ಕೊಳ್ಳುವ ಮುಂಚೆ ಒಂದು ಟ್ರಾನ್ಸಿಸ್ಟರ್ ಕೊಳ್ಳಿ ಎಂಬುದು ನನ್ನ ಹಟ. ಭದ್ರಾವತಿ ಆಕಾಶವಾಣಿಯ ಪ್ರದೇಶ ಸಮಾಚಾರ ಕೇಳಲು ಪರೀಕ್ಷೆ ಬರೆಯಬೇಕಿಲ್ಲ, ಲೈಸೆನ್ಸ್ ಬೇಕಿಲ್ಲ.

ಆದರೆ ಜಿಲ್ಲೆಗೊಂದು ಬಣ್ಣ ಸಾಕೇ? ಶಿವಮೊಗ್ಗ ಜಿಲ್ಲೆಗೆ ಕಿತ್ತಳೆ ಎಂದರೆ ಶಿಕಾರಿಪುರಕ್ಕೂ ಕಿತ್ತಳೆ, ವರ್ಷಕ್ಕೆ 7,000 ಮಿಲಿಮೀಟರಿಗೂ ಮಿಕ್ಕಿ ಮಳೆ ಕಾಣುವ ಆಗುಂಬೆಗೂ ಕಿತ್ತಳೆ. ಎರಡು ಊರುಗಳ ಮಳೆಗೆ ಹೋಲಿಕೆಯೇ ಇಲ್ಲ. ಹುಲಿಕಲ್ ಘಾಟಿಯ ಮೇಲೆ ಕವಿದ ಮೋಡ ಹೊಸನಗರ ಪೇಟೆಗೆ ಬರುವಷ್ಟರಲ್ಲಿ ಅರ್ಧ ಖಾಲಿಯಾಗಿರುತ್ತದೆ. ಪ್ರಯಾಣಿಕನಿಗೆ ಬೇಕಾದ ಪ್ರಶ್ನೆ ಜಿಲ್ಲೆಯದ್ದಲ್ಲ: ಮುಂದಿನ ಹತ್ತು ಕಿಲೋಮೀಟರ್ ಈಗ ಹೇಗಿದೆ, ಇನ್ನು ಒಂದು ಗಂಟೆಗೆ ಹೇಗಿರಬಹುದು? ಅದನ್ನು ಹೇಳಬಲ್ಲವರು ಆ ಹತ್ತು ಕಿಲೋಮೀಟರಿನ ತುದಿಯಲ್ಲಿ ಇರುವವರೇ. ಎರಡು ಕಡೆಯ ಮಾತು ಸಾಧ್ಯವಿರುವ ರೇಡಿಯೋದ ಕೆಲಸ ಇಲ್ಲಿಂದ ಶುರು. ಅಲ್ಲಿರುವವರ ಕಣ್ಣನ್ನು ಎರವಲು ಪಡೆಯುವ ಸಾಧನ ಅದು. ಆ ತುದಿಯಲ್ಲಿ ಕಿವಿಗೊಟ್ಟು ಕುಳಿತ ಮನುಷ್ಯ ಇಲ್ಲದಿದ್ದರೆ ಎಷ್ಟು ಬೆಲೆಯ ಸೆಟ್ಟಾದರೂ ಒಂದೇ.

ಆ ಮನುಷ್ಯನಿಗೂ ತನ್ನದೇ ಒಂದು ತೊಡಕಿದೆ. ಆಗುಂಬೆಯವರ 'ಪರವಾಗಿಲ್ಲ, ಸಾಧಾರಣ ಮಳೆ' ಭದ್ರಾವತಿಯವರಿಗೆ ಪ್ರಳಯ. 'ಜೋರು ಮಳೆ' ಎಂಬ ಮಾತಿಗೆ ರೇಡಿಯೋದಲ್ಲಿ ಬೆಲೆಯಿಲ್ಲ, ಅಳತೆಗೆ ಮಾತ್ರ ಬೆಲೆ. ಅಳೆಯಲು ಯಂತ್ರ ಬೇಕಿಲ್ಲ: ಮೇಲಿನಿಂದ ಕೆಳಗಿನವರೆಗೆ ಒಂದೇ ಅಗಲವಿರುವ ಡಬ್ಬಿಯನ್ನು ಮಾಡಿನ ನೀರು ಬೀಳದ ಕಡೆ, ಮರದ ಅಡಿಯಲ್ಲದ ಕಡೆ ಇಟ್ಟು, ನಿಂತ ನೀರಿಗೆ ಅಳತೆಪಟ್ಟಿ ಇಳಿಸಿದರೆ ಮಿಲಿಮೀಟರ್ ಸಿಕ್ಕಿತು. ಒಂದು ಮಿಲಿಮೀಟರ್ ಅಂದರೆ ಒಂದು ಚದರ ಮೀಟರಿಗೆ ಒಂದು ಲೀಟರ್ ನೀರು. 204 ಮಿಲಿಮೀಟರ್ ಬಿದ್ದ ದಿನ ಅಂಗಳದ ಪ್ರತಿ ಚದರ ಮೀಟರಿನ ಮೇಲೆ ಇನ್ನೂರು ಲೀಟರಿನ ಡ್ರಮ್ಮೊಂದನ್ನು ಮಗುಚಿದ ಹಾಗೆ. ಹೊಳೆಗೂ ನಮ್ಮ ಹಿರಿಯರ ಅಳತೆಗೋಲುಗಳಿವೆ. ತೀರ್ಥಹಳ್ಳಿಯಲ್ಲಿ ರಾಮಮಂಟಪ, ಶಿವಮೊಗ್ಗದಲ್ಲಿ ಕೋರ್ಪಳಯ್ಯನ ಛತ್ರದ ಬಳಿಯ ಮಂಟಪ. ಎಷ್ಟು ಮುಳುಗಿದೆ ಎಂದು ಒಬ್ಬರು ನೋಡಿ ಹೇಳಿದರೆ ತುಂಗೆಯ ಸ್ಥಿತಿ ಊರಿಗೆಲ್ಲ ಅರ್ಥವಾಗುತ್ತದೆ. ತೀರ್ಥಹಳ್ಳಿಯಲ್ಲಿ ಏರಿದ ನೀರು ಶಿವಮೊಗ್ಗ ಮುಟ್ಟಲು ಹೊತ್ತು ಬೇಕು. ಆ ಹೊತ್ತನ್ನು ಕೊಡುವುದು ಮೇಲಿನವರು ಕಳಿಸಿದ ಸುದ್ದಿ.

ಶಿವಮೊಗ್ಗದಿಂದ ಉಡುಪಿಗೆ ಹೊರಟವರೊಬ್ಬರು, ಆಗುಂಬೆಯಲ್ಲಿ ಮನೆಯಿರುವ ಸ್ನೇಹಿತರೊಬ್ಬರು ಎಂದಿಟ್ಟುಕೊಳ್ಳಿ. ಇಬ್ಬರೂ ಹ್ಯಾಮ್‌ಗಳು. ಪ್ರತಿಯೊಬ್ಬರೂ ತಮ್ಮ ಕರೆಗುರುತು, ಅಂದರೆ ಲೈಸೆನ್ಸಿನ ಗುರುತಿನ ಹೆಸರು, ಹೇಳಲೇಬೇಕು, ಇಲ್ಲಿ ಅದನ್ನು ಬಿಟ್ಟಿದ್ದೇನೆ.

"ಮೇಷ್ಟರೇ, ಮೇಗರವಳ್ಳಿ ದಾಟಿದ್ದೇನೆ. ಘಾಟಿ ಹೇಗಿದೆ? ಓವರ್."

"ಮೇಗರವಳ್ಳಿ ದಾಟಿದ್ದೀರಿ. ಬೆಳಗ್ಗೆ ಎಂಟೂವರೆಯಿಂದ ಈವರೆಗೆ ಒಂಬತ್ತು ಸೊನ್ನೆ ಮಿಲಿಮೀಟರ್, ನಾನೇ ಅಳೆದದ್ದು. ಅರ್ಧ ಗಂಟೆಯಿಂದ ಇಳಿಮುಖ. ಇನ್ನೊಂದು ಸುದ್ದಿ: ಕೆಳಗಿನಿಂದ ಬಂದ ಹಾಲಿನ ವ್ಯಾನಿನವರು ಏಳನೇ ತಿರುವಿನಲ್ಲಿ ಧರೆಯ ಮಣ್ಣು ಅರ್ಧ ರಸ್ತೆಗೆ ಇಳಿದಿದೆ ಎಂದರು. ಅವರು ಹೇಳಿದ್ದು 10.40ಕ್ಕೆ. ನಾನು ಕಣ್ಣಾರೆ ಕಂಡಿಲ್ಲ. ಓವರ್."

"ಒಂಬತ್ತು ಸೊನ್ನೆ, ಇಳಿಮುಖ. ಏಳನೇ ತಿರುವು, ಅರ್ಧ ರಸ್ತೆ, 10.40ರ ಸುದ್ದಿ, ನೀವು ಕಂಡದ್ದಲ್ಲ. ಆಗುಂಬೆ ಪೇಟೆಯಲ್ಲಿ ನಿಲ್ಲುತ್ತೇನೆ. 11.15ಕ್ಕೆ ಕರೆಯುತ್ತೇನೆ. ಓವರ್."

ಮೇಷ್ಟರು ಅಳೆದದ್ದನ್ನೂ ಕೇಳಿದ್ದನ್ನೂ ಬೇರೆಬೇರೆಯಾಗಿ ಇಟ್ಟರು. ಮಳೆ ಎಷ್ಟು ಎಂಬುದಕ್ಕಿಂತ ಏರುತ್ತಿದೆಯೋ ಇಳಿಯುತ್ತಿದೆಯೋ ಎಂಬುದು ಪ್ರಯಾಣಿಕನಿಗೆ ಮುಖ್ಯ, ಅದನ್ನೂ ಹೇಳಿದರು. ಸುದ್ದಿಗೆ ಗಂಟೆಯ ಗುರುತು ಹಾಕಿದರು, ಏಕೆಂದರೆ ಮಲೆನಾಡಿನಲ್ಲಿ ಧರೆಯ ಸುದ್ದಿ ಬೇಗ ಹಳಸುತ್ತದೆ. ಮಣ್ಣು ತೆಗೆದು ಎರಡು ದಿನವಾದ ಮೇಲೂ 'ಘಾಟಿ ಬಂದ್ ಅಂತೆ' ಎಂಬ ಮಾತು ಹೋಟೆಲಿನಿಂದ ಹೋಟೆಲಿಗೆ ತಿರುಗುತ್ತಲೇ ಇರುತ್ತದೆ. ಕೇಳಿದವರು ಎಲ್ಲವನ್ನೂ ಮರಳಿ ಹೇಳಿ ಒಪ್ಪಿಸಿದರು. ಕೊನೆಗೆ ಮುಂದಿನ ಕರೆಯ ಸಮಯ. ಇದರ ಮಹತ್ವಕ್ಕೆ ಆಮೇಲೆ ಬರುತ್ತೇನೆ.

ತೊಂಬತ್ತು ಎನ್ನದೆ 'ಒಂಬತ್ತು ಸೊನ್ನೆ' ಎಂದದ್ದೇಕೆ? ಸುಯ್ ಸದ್ದಿನ ನಡುವೆ ಇಪ್ಪತ್ತು ಯಾವುದು, ಎಪ್ಪತ್ತು ಯಾವುದು? ಮೊದಲಕ್ಷರ ಹಾರಿಹೋದರೆ ಎರಡೂ 'ಪ್ಪತ್ತು'. ಅದಕ್ಕೇ ಅಂಕಿಗಳನ್ನು ಒಂದೊಂದಾಗಿ ಬಿಡಿಸಿ ಹೇಳುವ ರೂಢಿ. ಮೊದಲಕ್ಷರ ಹಾರಿಹೋಗುವುದಕ್ಕೂ ಕಾರಣವಿದೆ. ಗುಂಡಿ ಒತ್ತಿದೊಡನೆ ಸೆಟ್ ಕೇಳುವುದನ್ನು ಬಿಟ್ಟು ಹೇಳುವುದಕ್ಕೆ ಹೊರಳಬೇಕು, ಆ ತುದಿಯ ಸೆಟ್ಟೂ ಎಚ್ಚರಗೊಳ್ಳಬೇಕು. ಒತ್ತಿ, ಒಂದು ಕ್ಷಣ ತಡೆದು, ಆಮೇಲೆ ಬಾಯಿ ತೆರೆಯಬೇಕು.

ಬಾಯಿ ಮುಚ್ಚುವಾಗಿನ ಅಪಾಯ ಇನ್ನೂ ದೊಡ್ಡದು, ಮತ್ತು ಅದು ಕನ್ನಡಕ್ಕೆ ವಿಶೇಷವಾಗಿ ಅಂಟಿಕೊಂಡದ್ದು. ಇಂಗ್ಲಿಷಿನಲ್ಲಿ 'ಬೇಡ' ಎಂಬುದು ವಾಕ್ಯದ ಮುಂದೆಯೇ ಬಂದುಬಿಡುತ್ತದೆ. ನಮ್ಮ ಭಾಷೆಯಲ್ಲಿ ಹೌದು ಅಲ್ಲಗಳೆಲ್ಲ ಕೂರುವುದು ಬಾಲದಲ್ಲಿ. ಮಾತು ಮುಗಿಯುವ ಮುಂಚೆ ಬೆರಳು ಸಡಿಲವಾದರೆ ಬಾಲ ಕತ್ತರಿಸಿಹೋಗುತ್ತದೆ. 'ಬರಬೇಡಿ' ಎಂದದ್ದು ಆ ತುದಿಗೆ 'ಬರಬೇ…' ಎಂದು ಮುಟ್ಟಿದರೆ, ಕೇಳಿದವರು ತಮಗೆ ಬೇಕಾದ ಹಾಗೆ 'ಬರಬೇಕು' ಎಂದು ತುಂಬಿಕೊಳ್ಳುತ್ತಾರೆ. 'ಸಂಕದ ಮೇಲೆ ನೀರು ಬಂದಿಲ್ಲ' ಎಂದದ್ದು 'ನೀರು ಬಂದಿ…' ಎಂದಷ್ಟೇ ಕೇಳಿಸುತ್ತದೆ. ರೇಡಿಯೋ ಕೈಪಿಡಿಗಳು ಹೆಚ್ಚಾಗಿ ಇಂಗ್ಲಿಷಿನವು, ಈ ತೊಡಕು ಅವುಗಳ ಕಣ್ಣಿಗೆ ಬೀಳುವುದಿಲ್ಲ. ಉಪಾಯ ಮಾತ್ರ ಸುಲಭ: ಕನ್ನಡದಲ್ಲಿ ಮಾತಾಡುವಾಗ ನಿಷೇಧವನ್ನು ಬಿಟ್ಟು ಆಗಬೇಕಾದದ್ದನ್ನೇ ಹೇಳುವುದು. 'ಬರಬೇಡಿ' ಬದಲು 'ಅಲ್ಲೇ ನಿಲ್ಲಿ'. 'ಮುಚ್ಚಿಲ್ಲ' ಬದಲು 'ರಸ್ತೆ ತೆರೆದಿದೆ'. ಬಾಲಕ್ಕೆ ಕಾವಲಾಗಿ 'ಓವರ್', ಅಂದರೆ 'ನನ್ನ ಮಾತು ಮುಗಿಯಿತು, ಈಗ ನೀವು ಹೇಳಿ'. ಸಿನಿಮಾದ ಠೀವಿಗಾಗಿ ಇರುವ ಪದ ಅದು ಎಂದುಕೊಂಡಿದ್ದೆ. ಬೆರಳು ಬೇಗ ಸಡಿಲವಾದರೆ ಕತ್ತರಿಸಿಹೋಗುವುದು ಆ ಪದವಾಗಲಿ, ಕ್ರಿಯಾಪದ ಉಳಿಯಲಿ ಎಂಬ ಲಾಭವೂ ಅದಕ್ಕಿದೆ ಎಂದು ತಡವಾಗಿ ತಿಳಿಯಿತು.

ಒಬ್ಬರು ಮುಗಿಸಿ ಇನ್ನೊಬ್ಬರು ಶುರುಮಾಡುವ ಮುನ್ನ ಎರಡು ಮೂರು ಸೆಕೆಂಡ್ ಮೌನವಿರಬೇಕು. ಈ ಸೆಟ್ಟುಗಳಲ್ಲಿ ಇಬ್ಬರು ಒಟ್ಟಿಗೆ ಗುಂಡಿ ಒತ್ತಿದರೆ ಬಲವಾದ ಅಲೆ ದುರ್ಬಲವಾದದ್ದನ್ನು ನುಂಗಿಬಿಡುತ್ತದೆ. ಸೋತವನಿಗೆ ತಾನು ಸೋತದ್ದು ಗೊತ್ತೇ ಆಗುವುದಿಲ್ಲ. ಆ ಮೌನದಲ್ಲಿ ಮೂರನೆಯವನೊಬ್ಬ 'ಬ್ರೇಕ್' ಎಂದು ನುಗ್ಗಬಹುದು. ಅಪಘಾತದ ಸುದ್ದಿ ಹಿಡಿದು ಕಾಯುತ್ತಿರುವವನು ಅವನೇ ಇರಬಹುದು.

ನನ್ನ ಒಂದು ಪೆದ್ದುತನವನ್ನೂ ಹೇಳಬೇಕು. ಎಲ್ಲ ಸೆಟ್ಟುಗಳಲ್ಲಿ ಸ್ಕ್ವೆಲ್ಚ್ ಎಂಬ ಬಾಗಿಲೊಂದಿರುತ್ತದೆ. ಯಾರೂ ಮಾತಾಡದಿರುವಾಗ ಬರುವ ಸುಯ್ ಸದ್ದನ್ನು ಅದು ತಡೆದು, ಸಾಕಷ್ಟು ಬಲದ ಅಲೆ ಬಂದಾಗ ಮಾತ್ರ ತೆರೆಯುತ್ತದೆ. ಪೇಟೆಯಲ್ಲಿ ಗದ್ದಲ ಜಾಸ್ತಿಯೆಂದು ಅದನ್ನು ಬಿಗಿಮಾಡಿಟ್ಟಿದ್ದೆ. ಹಾಗೇ ಹುಲಿಕಲ್ ಇಳಿದೆ. ಮಾಸ್ತಿಕಟ್ಟೆ ದಾಟಿದ ಮೇಲೆ ಸೆಟ್ ತಣ್ಣಗೆ ಕುಳಿತಿತು. ಮೇಲಿರುವ ಸ್ನೇಹಿತರು ಊಟಕ್ಕೆ ಎದ್ದಿರಬೇಕು ಎಂದುಕೊಂಡೆ. ಅವರು ಮೂರು ಸಲ ಕರೆದಿದ್ದರು, ಮುಂದೆ ಮರ ಬಿದ್ದಿದೆ ಎಂದು ಹೇಳಲು. ಅವರ ಕ್ಷೀಣ ಅಲೆಗೆ ನನ್ನ ಬಾಗಿಲು ತೆರೆಯಲೇ ಇಲ್ಲ. ಬಿದ್ದ ಮರದ ಮುಂದೆ ಒಂದೂವರೆ ಗಂಟೆ ಕುಳಿತಾಗ ಯೋಚಿಸಲು ಬೇಕಾದಷ್ಟು ಬಿಡುವಿತ್ತು. ಈಗ ಘಾಟಿ ಶುರುವಾಗುವ ಮೊದಲೇ ಸ್ಕ್ವೆಲ್ಚನ್ನು ಪೂರ್ತಿ ಬಿಚ್ಚುತ್ತೇನೆ. ಕಿವಿಗೆ ಹಿಂಸೆ ನಿಜ. ಆ ಸುಯ್ ಸದ್ದಿನ ಹಿಂದೆ ಯಾರೋ ಪಿಸುಗುಟ್ಟಿದರೂ ಮನುಷ್ಯನ ಕಿವಿ ಹೆಕ್ಕಿಕೊಳ್ಳುತ್ತದೆ.

ಗುಡ್ಡದ ಮೇಲೆ ರಿಪೀಟರ್ ಇದ್ದರೆ ಕೆಲಸ ಹಗುರ. ಒಂದು ಆವರ್ತನದಲ್ಲಿ ಕೇಳಿದ್ದನ್ನು ಅದು ಆ ಕ್ಷಣವೇ ಇನ್ನೊಂದರಲ್ಲಿ ಕೂಗುತ್ತದೆ, ವಿ.ಎಚ್.ಎಫ್.ನಲ್ಲಿ ಎರಡರ ನಡುವಿನ ಅಂತರ ಸಾಮಾನ್ಯವಾಗಿ 600 ಕಿಲೋಹರ್ಟ್ಸ್. ಎರಡು ಕಣಿವೆಗಳಲ್ಲಿ ಕುಳಿತು ಒಬ್ಬರಿಗೊಬ್ಬರು ಕಾಣದವರು ಗುಡ್ಡದ ಮೂಲಕ ಮಾತಾಡಬಹುದು. ಆದರೆ ರಿಪೀಟರಿಗೂ ಕರೆಂಟ್ ಬೇಕು, ಸಿಡಿಲು ಅದನ್ನೂ ಬಿಡುವುದಿಲ್ಲ. ಅದು ಸತ್ತ ದಿನ ಯಾವ ಆವರ್ತನದಲ್ಲಿ ನೇರವಾಗಿ ಮಾತಾಡುವುದು ಎಂದು ಮನೆಯಿಂದ ಹೊರಡುವ ಮುಂಚೆಯೇ ಚೀಟಿಯಲ್ಲಿ ಬರೆದು ಇಬ್ಬರೂ ಇಟ್ಟುಕೊಂಡಿರಬೇಕು.

ಗುಡ್ಡವನ್ನೇ ಹಾರಿಹೋಗುವ ದಾರಿಯೊಂದಿದೆ, ಅದು ನನಗೆ ಬಹಳ ಪ್ರೀತಿಯದು. 7 ಮೆಗಾಹರ್ಟ್ಸ್ ಪಟ್ಟಿಯ ಅಲೆಯನ್ನು ನೆಟ್ಟಗೆ ಮೇಲಕ್ಕೆ ಕಳಿಸಿದರೆ ಸುಮಾರು 300 ಕಿಲೋಮೀಟರ್ ಎತ್ತರದ ಅಯಾನುಗೋಳಕ್ಕೆ, ಅಂದರೆ ವಾತಾವರಣದ ವಿದ್ಯುದಾವಿಷ್ಟ ಪದರಕ್ಕೆ, ತಾಗಿ ಕಾರಂಜಿಯ ನೀರಿನಂತೆ ಸುತ್ತಲೂ ಇಳಿಯುತ್ತದೆ. ಮೇಲಿನಿಂದ ಬರುವ ಅಲೆಗೆ ಗುಡ್ಡ ಅಡ್ಡವಲ್ಲ, ಕಣಿವೆಯ ತಳಕ್ಕೂ ಇಳಿಯುತ್ತದೆ. ಬೇಕಾದ ಏರಿಯಲ್ ಸುಮಾರು 20 ಮೀಟರ್ ಉದ್ದದ ತಂತಿ, ನಡುವೆ ಕತ್ತರಿಸಿ ಕೇಬಲ್ ಜೋಡಿಸಿದ್ದು. ಎತ್ತರಕ್ಕೆ ಕಟ್ಟಲೂ ಬೇಕಿಲ್ಲ. ಮೂರು ನಾಲ್ಕು ಮೀಟರಿನಲ್ಲಿ ಎರಡು ಅಡಿಕೆ ಮರಗಳಿಗೆ ಬಿಗಿದರೆ ಅಲೆ ಮೇಲಕ್ಕೇ ಹೋಗುತ್ತದೆ, ನಮಗೆ ಬೇಕಾದದ್ದೂ ಅದೇ. ಹಗಲು ಹೊತ್ತಿನಲ್ಲಿ ಸಾಗರದ ತೋಟದಿಂದ ಬೆಂಗಳೂರು, ಹುಬ್ಬಳ್ಳಿ, ಮೈಸೂರುಗಳನ್ನು ಹೀಗೆ ಮುಟ್ಟಬಹುದು. ರಾತ್ರಿ ಹತ್ತಿರದ ಊರುಗಳು ಮಾಯವಾಗಿ ದೂರದವು ತೇಲಿಬರುತ್ತವೆ. ಚಲಿಸುವ ಕಾರಿಗೆ ಇದು ಹೊಂದುವುದಿಲ್ಲ. ರಸ್ತೆ ಎರಡೂ ಕಡೆ ಮುಚ್ಚಿ ಒಂದೂರಿನಲ್ಲಿ ಸಿಕ್ಕಿಬಿದ್ದಾಗ ಇದಕ್ಕೆ ಸಮನಾದದ್ದಿಲ್ಲ. 2004ರ ಡಿಸೆಂಬರಿನ ಸುನಾಮಿಯ ದಿನ ಪೋರ್ಟ್ ಬ್ಲೇರ್‌ನಲ್ಲಿ ಕಾಕತಾಳೀಯವಾಗಿ ಬೀಡುಬಿಟ್ಟಿದ್ದ ಹ್ಯಾಮ್‌ಗಳ ತಂಡ ದ್ವೀಪದ ಸುದ್ದಿಯನ್ನು ಹೊರಗೆ ಮುಟ್ಟಿಸಿದ್ದು ಇಂಥ ಸರಂಜಾಮಿನಿಂದಲೇ. 2024ರಲ್ಲಿ ವಯನಾಡಿನ ಗುಡ್ಡ ಕುಸಿದಾಗಲೂ ಹವ್ಯಾಸಿಗಳು ಸೆಟ್ಟುಗಳೊಂದಿಗೆ ನೆರವಿಗಿಳಿದಿದ್ದರು.

ಸಿಡಿಲಿನ ಬಗ್ಗೆ ಎರಡು ಮಾತು. ನಮ್ಮಲ್ಲಿ ಗುಡುಗು ಸಿಡಿಲಿನ ಕಾಟ ಏಪ್ರಿಲ್, ಮೇ ತಿಂಗಳುಗಳಲ್ಲಿ ಮತ್ತು ಮಳೆಗಾಲ ಹಿಂತಿರುಗುವ ಅಕ್ಟೋಬರಿನಲ್ಲಿ ಹೆಚ್ಚು. ಜುಲೈನ ಜಡಿಮಳೆಯಲ್ಲಿ ಕಡಿಮೆ. ಹಳೆಯ ಟ್ರಾನ್ಸಿಸ್ಟರನ್ನು ಮೀಡಿಯಂ ವೇವ್‌ನಲ್ಲಿ, ಯಾವ ಕೇಂದ್ರವೂ ಇಲ್ಲದ ಕಡೆ ತಿರುಗಿಸಿಟ್ಟರೆ ಹತ್ತಾರು ಕಿಲೋಮೀಟರ್ ಆಚೆಯ ಮಿಂಚೂ 'ಚಟ್' ಎನ್ನುತ್ತದೆ. ಚಟಚಟ ಹತ್ತಿರಹತ್ತಿರವಾಗಿ, ಗಟ್ಟಿಯಾಗಿ ಬರತೊಡಗಿದರೆ ಗುಡ್ಡದ ನೆತ್ತಿಯಿಂದ ಇಳಿಯುವ ಹೊತ್ತು. ಕುಂದಾದ್ರಿಯ ಬಂಡೆಯ ಮೇಲೆ ಏರಿಯಲ್ ಎತ್ತಿ ಹಿಡಿದು 'ಇಲ್ಲಿ ಸಿಗ್ನಲ್ ಅದ್ಭುತ' ಎನ್ನುವವರಿಗೆ ಇದನ್ನು ಮೊದಲು ಹೇಳಿಕೊಡಬೇಕು.

ಈಗ ಕಾನೂನು, ಇದನ್ನು ಹಗುರವಾಗಿ ತೆಗೆದುಕೊಂಡವರೇ ಜಾಸ್ತಿ. ಆನ್‌ಲೈನಿನಲ್ಲಿ ಸಿಕ್ಕಿತೆಂದ ಮಾತ್ರಕ್ಕೆ ವಾಕಿಟಾಕಿಯಲ್ಲಿ ಮಾತಾಡಲು ಹಕ್ಕು ಸಿಕ್ಕಿದಂತಲ್ಲ. ಇಂಥ ಮಾರಾಟಕ್ಕೆ ಲಗಾಮು ಹಾಕಲು ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರ 2025ರಲ್ಲಿ ಮಾರ್ಗಸೂಚಿಯನ್ನೇ ಹೊರಡಿಸಿದೆ. ಲೈಸೆನ್ಸ್ ಇಲ್ಲದವರಿಗೆ ತೆರೆದಿರುವುದು 446.0ರಿಂದ 446.2 ಮೆಗಾಹರ್ಟ್ಸ್ ನಡುವಿನ ಅರ್ಧ ವಾಟ್‌ನ ಪುಟ್ಟ ಸೆಟ್ಟುಗಳು, ಅವಕ್ಕೂ ಮಾದರಿ ಅನುಮೋದನೆಯ ಪ್ರಮಾಣಪತ್ರ ಇರಬೇಕು. ಎರಡು ಕಾರುಗಳಲ್ಲಿ ಹೊರಟ ಕುಟುಂಬದವರು ಮುಂದಿನ ಕಾರಿನಿಂದ ಹಿಂದಿನ ಕಾರಿಗೆ 'ಗುಂಡಿಯಿದೆ, ಎಡಕ್ಕೆ ಹಿಡಿಯಿರಿ' ಎನ್ನಲು ಅಷ್ಟು ಸಾಕು. ಅದಕ್ಕಿಂತ ದೂರ ಬೇಕಿದ್ದರೆ ಹವ್ಯಾಸಿ ಲೈಸೆನ್ಸ್. ಕೇಂದ್ರದ ದೂರಸಂಪರ್ಕ ಇಲಾಖೆಯ ಪರೀಕ್ಷೆ, 12 ವರ್ಷ ತುಂಬಿದ ಯಾರಾದರೂ ಬರೆಯಬಹುದು. ನಮ್ಮ ಪ್ರೌಢಶಾಲೆಯ ಮಕ್ಕಳು ಬರೆಯುವಷ್ಟೇ ವಿಜ್ಞಾನ, ಜೊತೆಗೆ ನಿಯಮಗಳು. ಆದರೆ ಹವ್ಯಾಸಿ ಪಟ್ಟಿಯಲ್ಲಿ ವ್ಯವಹಾರ ನಡೆಸುವಂತಿಲ್ಲ. ಕಾಫಿ ತೋಟದ ರೈಟರಿಗೆ ಆಳು ಕಳಿಸಲು ಹೇಳುವುದಕ್ಕೆ ಬೇರೆಯೇ ಪರವಾನಗಿ ಬೇಕು. ಪೊಲೀಸರ, ಅರಣ್ಯ ಇಲಾಖೆಯ ಮಾತನ್ನು ಕದ್ದು ಕೇಳುವ ಚಪಲವನ್ನು ಬಿಡಬೇಕು. ವಿದೇಶದಲ್ಲಿರುವ ಮಗ ತಂದುಕೊಟ್ಟ ಉಪಗ್ರಹ ಫೋನನ್ನು ಅನುಮತಿಯಿಲ್ಲದೆ ಚಾಲೂ ಮಾಡುವುದಂತೂ ನೇರವಾಗಿ ಠಾಣೆಗೆ ಹೋಗುವ ದಾರಿ.

ಜೀವ ಹೋಗುವ ಹೊತ್ತಿನಲ್ಲೂ ಲೈಸೆನ್ಸ್ ಕೇಳುತ್ತಾರೆಯೇ ಎಂಬ ಪ್ರಶ್ನೆ ಪ್ರತಿ ಸಲವೂ ಬರುತ್ತದೆ. ಆಪತ್ತಿನಲ್ಲಿರುವ ನಿಲಯ ಕೈಗೆ ಸಿಕ್ಕ ಯಾವ ರೇಡಿಯೋ ಸಾಧನವನ್ನಾದರೂ ಬಳಸುವುದನ್ನು ಅಂತರರಾಷ್ಟ್ರೀಯ ರೇಡಿಯೋ ನಿಯಮಗಳು ತಡೆಯುವುದಿಲ್ಲ. ಆದರೆ ಪ್ರಶ್ನೆಯೇ ತಪ್ಪು ಜಾಗದಲ್ಲಿದೆ. ಎಂದೂ ಬಳಸದ ಸೆಟ್ಟನ್ನು ಡ್ಯಾಶ್‌ಬೋರ್ಡಿನಿಂದ ತೆಗೆದು, ಯಾರೂ ಕೇಳದ ಆವರ್ತನದಲ್ಲಿ 'ಮೇಡೇ' ಎಂದು ಕೂಗಿದರೆ ಬರುವವರು ಯಾರು?

ಸರಂಜಾಮಿನ ವಿಷಯ ಬೇಗ ಮುಗಿಸುತ್ತೇನೆ. ಕಾರಿನೊಳಗೆ ಕುಳಿತು ಕೈಸೆಟ್ಟಿನಲ್ಲಿ ಮಾತಾಡಿದರೆ ತಗಡಿನ ಡಬ್ಬಿಯೊಳಗಿಂದ ಕೂಗಿದಂತೆ. ಚಾವಣಿಯ ಮೇಲೆ ಅಯಸ್ಕಾಂತದ ಬುಡವಿರುವ, ಸುಮಾರು 50 ಸೆಂಟಿಮೀಟರಿನ ಕಡ್ಡಿ ಏರಿಯಲ್ ಇಟ್ಟರೆ ಅದೇ ತಗಡು ಅದಕ್ಕೆ ಆಸರೆಯಾಗುತ್ತದೆ. ಅಲೆಯ ನಾಲ್ಕನೇ ಒಂದು ಭಾಗದ ಉದ್ದ ಅದು. ಬಸ್ಸಿನಲ್ಲಿದ್ದರೆ ಕಿಟಕಿಯ ಪಕ್ಕದ ಸೀಟು, ನಿಲ್ದಾಣ ಬಂದಾಗ ಇಳಿದು ಮಾತು. ಕೇಳುವಾಗ ಸೆಟ್ ಕುಡಿಯುವ ವಿದ್ಯುತ್ತಿಗಿಂತ ಹೇಳುವಾಗ ಕುಡಿಯುವುದು ಹತ್ತು ಪಟ್ಟಿಗೂ ಹೆಚ್ಚು. ತುಂಬಾ ಕೇಳಿ, ಸ್ವಲ್ಪ ಹೇಳಿ. ಸೆಟ್ಟನ್ನು ಜಿಪ್ ಇರುವ ಪ್ಲಾಸ್ಟಿಕ್ ಚೀಲದಲ್ಲಿಟ್ಟರೆ ಒಳಗಿನಿಂದಲೇ ಗುಂಡಿ ಒತ್ತಬಹುದು. ನಮ್ಮಜ್ಜಂದಿರು ಗೊರಬು ಹೊದ್ದು ಗದ್ದೆಗೆ ಇಳಿದ ಹಾಗೆ ಅದಕ್ಕೂ ಒಂದು ಹೊದಿಕೆ.

ಮೇಷ್ಟರಿಗೆ ಕೊಟ್ಟ 11.15ರ ಮಾತಿಗೆ ಮರಳೋಣ. ರಸ್ತೆಯಲ್ಲಿರುವವರಿಂದ 11.15ಕ್ಕೆ ಕರೆ ಬರಲಿಲ್ಲವೆಂದರೆ ಅದೂ ಒಂದು ಸುದ್ದಿ. ಗಾಬರಿ ಬೇಕಿಲ್ಲ, ಒಳತಿರುವಿನಲ್ಲಿ ಸಿಕ್ಕಿರಬಹುದು. ಮೇಷ್ಟರು 11.30ರವರೆಗೆ ಸ್ಕ್ವೆಲ್ಚ್ ಬಿಚ್ಚಿಟ್ಟು ಕೇಳುತ್ತಾರೆ, ನಡುನಡುವೆ ತಾವೇ ಕರೆಯುತ್ತಾರೆ, ಕೆಳಗೆ ಸೋಮೇಶ್ವರದ ಕಡೆ ಯಾರಾದರೂ ಸಿಕ್ಕರೆ ವಿಚಾರಿಸುತ್ತಾರೆ. ಎರಡನೆಯ ಗಡುವೂ ದಾಟಿದರೆ ಕೆಲಸ ಮಾಡುತ್ತಿರುವ ಫೋನೊಂದನ್ನು ಹುಡುಕಿ 112ಕ್ಕೋ, ಜಿಲ್ಲಾ ವಿಪತ್ತು ನಿಯಂತ್ರಣ ಕೊಠಡಿಯ 1077ಕ್ಕೋ ಕರೆಮಾಡುತ್ತಾರೆ. ಆಗ ಹೇಳಲು ಬೇಕಾದದ್ದೆಲ್ಲ ಅವರ ಮುಂದಿನ ಹಾಳೆಯಲ್ಲಿರುತ್ತದೆ: ಬಿಳಿ ಕಾರು, ಮೂವರು, ಒಬ್ಬರಿಗೆ ಸಕ್ಕರೆ ಕಾಯಿಲೆ, ಕೊನೆಯ ಮಾತು 10.55ಕ್ಕೆ, ಮೇಗರವಳ್ಳಿ ದಾಟಿ ಆಗುಂಬೆಯ ಕಡೆಗೆ. ಹೊರಡುವ ಹಿಂದಿನ ರಾತ್ರಿ, ಫೋನಿನಲ್ಲಿ ಇನ್ನೂ ಕಡ್ಡಿಗಳಿದ್ದಾಗ, ಬರೆಸಿಟ್ಟ ಹಾಳೆ ಅದು.